ಎಂಬತ್ತೆಂಟರ ಜೊತೆ ಇಪ್ಪತ್ತೆಂಟು

2014ರ ಸೆಪ್ಟೆಂಬರ್ ಕೊನೆಯಲ್ಲಿ ‘ಚೀಕ್ ಟು ಚೀಕ್’ ಎಂಬ ಯುಗಳಗೀತೆಗಳ ಆಲ್ಬಂ ಹೊರಬಂದಾಗ ಅದನ್ನು ಹಾಡಿದ ಟೋನಿ ಬೆನೆಟ್ ಅವರಿಗೆ 88 ವರ್ಷ. ಜೊತೆಗೂಡಿ ಹಾಡಿದ ಲೇಡಿ ಗಾಗಾ ಅವರಿಗೆ 28. ಮೊದಲ ವಾರದಲ್ಲಿ ಅಮೆರಿಕದಲ್ಲಿ 1,31,000 ಪ್ರತಿಗಳು ಖರ್ಚಾದವು. ಆಲ್ಬಂ ನೇರವಾಗಿ ಬಿಲ್‌ಬೋರ್ಡ್ ಪಟ್ಟಿಯ ಮೊದಲ ಸ್ಥಾನಕ್ಕೆ ಹೋಗಿ ಕೂತಿತು. ಆ ಪಟ್ಟಿಯ ತಾರೀಖಿಗೆ ಬೆನೆಟ್ ಅವರ ವಯಸ್ಸು 88 ವರ್ಷ 69 ದಿನ ಎಂದು ಗಿನ್ನೆಸ್‌ನವರು ದಾಖಲೆ ಪುಸ್ತಕದಲ್ಲಿ ಬರೆದುಕೊಂಡರು. ಹೊಸದಾಗಿ ಹಾಡಿ ಮುದ್ರಿಸಿದ ಆಲ್ಬಮ್ಮಿನಿಂದ ಅಷ್ಟು ಇಳಿವಯಸ್ಸಿನಲ್ಲಿ ಆ ಸ್ಥಾನ ಮುಟ್ಟಿದವರು ಅದಕ್ಕೆ ಮುಂಚೆ ಯಾರೂ ಇರಲಿಲ್ಲ. ಹಿಂದಿನ ದಾಖಲೆಯೂ ಅವರದೇ, 85ನೇ ವಯಸ್ಸಿನದು. ಪಾಪ್ ಸಂಗೀತವೆಂದರೆ ಹರೆಯದವರ ಲೋಕ. ಮೂವತ್ತೈದು ದಾಟಿದವರನ್ನೇ ಹಿರಿಯರ ಸಾಲಿಗೆ ತಳ್ಳುವ ಆ ಲೋಕದಲ್ಲಿ ತೊಂಬತ್ತರ ಹೊಸ್ತಿಲಲ್ಲಿದ್ದ ಒಬ್ಬರು ತಮ್ಮ ದಾಖಲೆಯನ್ನು ತಾವೇ ಮುರಿದಿದ್ದರು.

1,31,000 ಎಂಬ ಸಂಖ್ಯೆ ಇವತ್ತಿನ ಕಣ್ಣಿಗೆ ಚಿಕ್ಕದಾಗಿ ಕಾಣಬಹುದು. ಮೊಬೈಲಿನಲ್ಲಿ ಕೋಟಿ ಕೋಟಿ ‘ವೀಕ್ಷಣೆ’ಗಳನ್ನು ನೋಡಿ ನೋಡಿ ನಮಗೆ ಲಕ್ಷವೆಂದರೆ ಲೆಕ್ಕಕ್ಕೇ ಇಲ್ಲ. ಆದರೆ ಆ ಸೆಪ್ಟೆಂಬರಿನಲ್ಲಿ ಬಿಲ್‌ಬೋರ್ಡ್ ಪಟ್ಟಿ ಎಣಿಸುತ್ತಿದ್ದದ್ದು ದುಡ್ಡು ಕೊಟ್ಟು ಕೊಂಡ ಆಲ್ಬಂಗಳನ್ನು ಮಾತ್ರ. ಇಂಟರ್ನೆಟ್‌ನಲ್ಲಿ ಹರಿದುಬರುವ ಹಾಡುಗಳನ್ನೂ ಲೆಕ್ಕಕ್ಕೆ ಸೇರಿಸುವ ಕ್ರಮ ಜಾರಿಗೆ ಬಂದದ್ದು ಅದೇ ವರ್ಷದ ಡಿಸೆಂಬರಿನಲ್ಲಿ. ಆ ಹೊಸ ಲೆಕ್ಕದಲ್ಲಿ ಒಂದು ಆಲ್ಬಂ ಮಾರಿದಂತೆ ಎನ್ನಿಸಿಕೊಳ್ಳಲು ಅದರ ಹಾಡುಗಳನ್ನು 1,500 ಸಲ ಕೇಳಿರಬೇಕಿತ್ತು. ಹಾಗಾದರೆ ಬೆನೆಟ್–ಗಾಗಾ ಜೋಡಿಯ ಆ ಒಂದು ವಾರವನ್ನು ಹೊಸ ನಾಣ್ಯಕ್ಕೆ ಬದಲಿಸಿಕೊಂಡರೆ ಎಷ್ಟಾಗುತ್ತದೆ? 19 ಕೋಟಿ 65 ಲಕ್ಷ ಸಲದ ಕೇಳ್ಮೆ. ಹಲವು ದಶಕ ಹಳೆಯ ಹಾಡುಗಳಿಗೆ, ಗಿಟಾರು–ಪಿಯಾನೊ–ಡ್ರಮ್ಮಿನ ಜಾಜ್ ಮೇಳಕ್ಕೆ, ಏಳು ದಿನದಲ್ಲಿ!

ಇಷ್ಟಾದರೂ ಈ ಅಂಕಿಗೆ ಬೆರಗಾಗಿ ನಿಲ್ಲುವುದು ನನಗೆ ಸರಿ ಕಾಣುವುದಿಲ್ಲ. ಯಾಕೆಂದರೆ ಗಾಗಾ ಅವರದೇ ಇನ್ನೊಂದು ಆಲ್ಬಂ ಇದೆ, ‘ಬಾರ್ನ್ ದಿಸ್ ವೇ’. 2011ರ ಮೇ ತಿಂಗಳಲ್ಲಿ ಬಂದ ಅದು ಮೊದಲ ವಾರದಲ್ಲೇ ಅಮೆರಿಕವೊಂದರಲ್ಲಿ 11 ಲಕ್ಷ ಪ್ರತಿ ದಾಟಿತ್ತು. ‘ಚೀಕ್ ಟು ಚೀಕ್’ ಅದರ ಎಂಟರಲ್ಲಿ ಒಂದು ಭಾಗಕ್ಕೂ ತುಸು ಕಡಿಮೆ. ಮಾರಾಟವೇ ಅಳತೆಗೋಲಾದರೆ ಇದೊಂದು ಸಾಧಾರಣ ಗೆಲುವು, ಅಷ್ಟೇ. ಈ ಆಲ್ಬಮ್ಮಿನ ನಿಜವಾದ ದೊಡ್ಡ ಸಂಖ್ಯೆಗಳು ಅಂಗಡಿಯ ಗಲ್ಲಾಪೆಟ್ಟಿಗೆಯಲ್ಲಿಲ್ಲ, ಪಂಚಾಂಗದಲ್ಲಿವೆ. ಎರಡು ಕೊರಳುಗಳ ನಡುವೆ ಎಷ್ಟು ಕಾಲ ಹರಡಿಕೊಂಡಿದೆ ಎಂದು ಎಣಿಸತೊಡಗಿದರೆ ತಲೆ ತಿರುಗುತ್ತದೆ.

ಬೆನೆಟ್ ಹುಟ್ಟಿದ್ದು 1926ರ ಆಗಸ್ಟ್ 3ರಂದು, ನ್ಯೂಯಾರ್ಕ್ ನಗರದ ಕ್ವೀನ್ಸ್ ಭಾಗದಲ್ಲಿ. ಮನೆಯಲ್ಲಿಟ್ಟ ಹೆಸರು ಆಂಥನಿ ಡೊಮಿನಿಕ್ ಬೆನೆಡೆಟ್ಟೊ. ಇಟಲಿ ಮೂಲದ ಕುಟುಂಬ. ತಂದೆಗೆ ಸಣ್ಣ ದಿನಸಿ ಅಂಗಡಿ, ತಾಯಿ ಬಟ್ಟೆ ಹೊಲಿಯುತ್ತಿದ್ದರು. ಗಾಗಾ ಹುಟ್ಟಿದ್ದು ಅದೇ ನಗರದಲ್ಲಿ, 1986ರ ಮಾರ್ಚ್ 28ರಂದು. ಸ್ಟೆಫಾನಿ ಜರ್ಮನೊಟ್ಟಾ ಎಂಬ ಹೆಸರಿನಲ್ಲಿ, ಅವರದೂ ಇಟಲಿ ಮೂಲದ ಮನೆತನ. ಈ ಎರಡು ಹುಟ್ಟುಗಳ ನಡುವೆ 21,787 ದಿನಗಳಿವೆ. ಮಹಾ ಆರ್ಥಿಕ ಕುಸಿತ, ಎರಡನೆಯ ಮಹಾಯುದ್ಧ, ಚಂದ್ರನ ಮೇಲೆ ಮನುಷ್ಯ ಇಳಿದದ್ದು, ಎಲ್ಪಿ, ಕ್ಯಾಸೆಟ್ಟು, ಸಿಡಿ ಹುಟ್ಟಿದ್ದು, ಎಲ್ಲವೂ ಆ ದಿನಗಳ ಒಳಗೇ ಬಂದುಹೋದವು. ಹದಿನೆಂಟಕ್ಕೆ ಸೈನ್ಯ ಸೇರಿದ ಹುಡುಗ ಬೆನೆಟ್ ಜರ್ಮನಿಯ ಯುದ್ಧಭೂಮಿಯಲ್ಲಿದ್ದ; ನಾಜಿಗಳ ದಾಖಾವ್ ಸೆರೆಶಿಬಿರಕ್ಕೆ ಸೇರಿದ ಒಂದು ಉಪಶಿಬಿರದಿಂದ ಜನರನ್ನು ಬಿಡಿಸಿದ ತುಕಡಿಯಲ್ಲಿ ಅವನೂ ಒಬ್ಬ. ಅಂಥ ಕಾಲವನ್ನು ಕಣ್ಣಾರೆ ಕಂಡ ಮನುಷ್ಯನ ಪಕ್ಕದಲ್ಲಿ, ಟ್ವಿಟರಿನಲ್ಲಿ ಮೊಟ್ಟಮೊದಲು ಎರಡು ಕೋಟಿ ಹಿಂಬಾಲಕರನ್ನು ಗಳಿಸಿದ ಹೆಣ್ಣುಮಗಳು ನಿಂತು ಹಾಡುತ್ತಿದ್ದಾಳೆ.

ಇನ್ನೊಂದು ಲೆಕ್ಕ ನನಗೆ ಇದಕ್ಕಿಂತ ಸೋಜಿಗದ್ದು. ಆಲ್ಬಮ್ಮಿನ ಹಾಡುಗಳೆಲ್ಲ ‘ಹಳೆಯ ಹಾಡು’ಗಳು ಎಂದೇ ಎಲ್ಲರೂ ಹೇಳುತ್ತಾರೆ. ಕೋಲ್ ಪೋರ್ಟರ್ ಬರೆದ ‘ಎನಿಥಿಂಗ್ ಗೋಸ್’ 1934ರದು. ಅರ್ವಿಂಗ್ ಬರ್ಲಿನ್ ಅವರ ‘ಚೀಕ್ ಟು ಚೀಕ್’ 1935ರದು, ಫ್ರೆಡ್ ಅಸ್ಟೇರ್ ಕುಣಿದ ‘ಟಾಪ್ ಹ್ಯಾಟ್’ ಚಿತ್ರಕ್ಕಾಗಿ ಹುಟ್ಟಿದ್ದು. ಅವರದೇ ‘ಲೆಟ್ಸ್ ಫೇಸ್ ದ ಮ್ಯೂಸಿಕ್ ಅಂಡ್ ಡಾನ್ಸ್’ 1936ರದು. ಸಾಲಿನಲ್ಲೆಲ್ಲ ಹಳೆಯದು ‘ಐ ಕಾಂಟ್ ಗಿವ್ ಯು ಎನಿಥಿಂಗ್ ಬಟ್ ಲವ್’, 1928ರದು. ಬೆನೆಟ್ ಹುಟ್ಟಿದ್ದು 1926. ಅಂದರೆ ಅತಿ ಹಳೆಯ ಹಾಡೂ ಅದನ್ನು ಹಾಡುತ್ತಿರುವವರಿಗಿಂತ ಎರಡು ವರ್ಷ ಚಿಕ್ಕದು! ಇಡೀ ಆಲ್ಬಮ್ಮಿನಲ್ಲಿ ಬೆನೆಟ್ ಅವರಿಗಿಂತ ಹಿರಿಯ ಹಾಡು ಒಂದೂ ಇಲ್ಲ. ಗಾಗಾ ಪಾಲಿಗೆ ಅವೆಲ್ಲ ಅಜ್ಜ ಅಜ್ಜಿಯರ ಕಾಲದವು. ಬೆನೆಟ್ ಪಾಲಿಗೆ ತನ್ನ ಜೊತೆಗೇ ಬೆಳೆದ ಕೇರಿಯ ಹುಡುಗರಂಥವು. ಒಂದೇ ಸಾಲನ್ನು ಇಬ್ಬರೂ ಹಾಡುವಾಗ ಒಂದು ಕೊರಳು ಅದನ್ನು ಕಲಿತು ಹಾಡುತ್ತದೆ, ಇನ್ನೊಂದು ನೆನೆದು ಹಾಡುತ್ತದೆ. ಕಿವಿಗೊಟ್ಟು ಕೇಳಿದರೆ ಆ ವ್ಯತ್ಯಾಸ ತಿಳಿಯುತ್ತದೆ. ಗಾಗಾ ಪದಗಳ ಅಂಚನ್ನು ಚೂಪು ಮಾಡಿ ಉಚ್ಚರಿಸುತ್ತಾರೆ, ಬೆನೆಟ್ ಮಾತಾಡಿದಂತೆ ತುಸು ತಡವಾಗಿ, ತಾಳಕ್ಕೆ ಬೆನ್ನು ಒರಗಿಸಿ ಬರುತ್ತಾರೆ.

ಬೆನೆಟ್ ಅವರ ಕಲೆಗೆ ಮೂಲವಾದ ಸಾಧನಕ್ಕೂ ಹೆಚ್ಚುಕಡಿಮೆ ಅವರದೇ ವಯಸ್ಸು. ವಿದ್ಯುತ್ ಮೈಕಿನಿಂದ ಧ್ವನಿ ಮುದ್ರಿಸುವ ಪದ್ಧತಿ ಮಾರುಕಟ್ಟೆಗೆ ಬಂದದ್ದು 1925ರಲ್ಲಿ. ಅದಕ್ಕೆ ಮುಂಚೆ ಗಾಯಕರು ತಗಡಿನ ಕಹಳೆಯೊಂದರ ಬಾಯಿಗೆ ಮುಖವಿಟ್ಟು ಕೂಗಿ ಹಾಡಬೇಕಿತ್ತು. ಸೂಜಿ ಅಲುಗುವಷ್ಟು ಬಲ ಗಂಟಲಿನಿಂದಲೇ ಬರಬೇಕಿತ್ತು. ಮೈಕು ಬಂದ ಮೇಲೆ ಪಿಸುದನಿಯಲ್ಲೂ ಹಾಡಬಹುದಾಯಿತು, ಕೇಳುಗನ ಕಿವಿಯ ಹತ್ತಿರ ಕೂತು ಮಾತಾಡಿದಂತೆ. ಬಿಂಗ್ ಕ್ರಾಸ್ಬಿ, ಸಿನಾತ್ರಾ, ಬೆನೆಟ್ ಎಲ್ಲರೂ ಆ ಹತ್ತಿರದ ದನಿಯ ಮಕ್ಕಳು. ಹೀಗಿದ್ದೂ ಬೆನೆಟ್ ಕಛೇರಿಯ ನಡುವೆ ಮೈಕನ್ನು ಪಕ್ಕಕ್ಕಿಟ್ಟು, ಸಾವಿರಾರು ಜನ ತುಂಬಿದ ಸಭಾಂಗಣಕ್ಕೆ ಬರಿಯ ಕೊರಳಿನಿಂದ ಒಂದು ಹಾಡು ಕೇಳಿಸುವ ರೂಢಿ ಇಟ್ಟುಕೊಂಡಿದ್ದರು. ಎಂಬತ್ತು ದಾಟಿದ ಮೇಲೂ ಬಿಡಲಿಲ್ಲ.

ಅವರ ಮೊದಲ ದೊಡ್ಡ ಗೆಲುವು ‘ಬಿಕಾಸ್ ಆಫ್ ಯು’. 1951ರಲ್ಲಿ ಹತ್ತು ವಾರ ಅಮೆರಿಕದ ಮೊದಲ ಸ್ಥಾನದಲ್ಲಿತ್ತು. ಆಗ ಅವರಿಗೆ 25. ಅರಗಿನ ತಟ್ಟೆ ನಿಮಿಷಕ್ಕೆ 78 ಸುತ್ತು ತಿರುಗುತ್ತಿದ್ದ ಕಾಲ. ಮೂರು ನಿಮಿಷದ ಒಂದು ಹಾಡಿಗೆ ತಟ್ಟೆ 234 ಸುತ್ತು ಹಾಕಿದರೆ ಮುಗಿಯಿತು. ಅದೇ ಮೂರು ನಿಮಿಷವನ್ನು ಸಿಡಿಯಲ್ಲಿ ಹಿಡಿದಿಡಲು ಸೆಕೆಂಡಿಗೆ 44,100ರಂತೆ, ಎಡಬಲ ಎರಡೂ ಕಿವಿಗೆ ಸೇರಿ, 1 ಕೋಟಿ 58 ಲಕ್ಷಕ್ಕೂ ಮಿಗಿಲು ಅಂಕಿಗಳು ಬೇಕು. 234 ಸುತ್ತಿನಿಂದ ಒಂದೂವರೆ ಕೋಟಿ ಅಂಕಿಗಳವರೆಗಿನ ಇಡೀ ಹಾದಿಯಲ್ಲಿ ಒಂದೇ ಕೊರಳು ಮುದ್ರಣಗೊಳ್ಳುತ್ತಾ ಬಂತು. ಅಮೆರಿಕದ ಪಟ್ಟಿಯಲ್ಲಿ ಅವರ ಆಲ್ಬಂ ಮೊದಲ ಸಲ ಅಗ್ರಸ್ಥಾನಕ್ಕೆ ಬಂದದ್ದು 2011ರಲ್ಲಿ, ‘ಡ್ಯುಯೆಟ್ಸ್ 2’ ಮೂಲಕ. ಹಾಡೊಂದು ಶಿಖರ ಮುಟ್ಟಿದ್ದಕ್ಕೂ ಆಲ್ಬಂ ಮುಟ್ಟಿದ್ದಕ್ಕೂ ನಡುವೆ 60 ವರ್ಷ.

ಈ ಅರವತ್ತು ವರ್ಷ ಸಲೀಸಾಗಿ ಸಾಗಲಿಲ್ಲ. 1962ರ ‘ಐ ಲೆಫ್ಟ್ ಮೈ ಹಾರ್ಟ್ ಇನ್ ಸ್ಯಾನ್ ಫ್ರಾನ್ಸಿಸ್ಕೊ’ ಹಾಡು ಅವರಿಗೆ ಎರಡು ಗ್ರ್ಯಾಮಿ ತಂದಿತು. ಆಮೇಲೆ ರಾಕ್ ಸಂಗೀತದ ಅಲೆ ಬಂತು. ಕಂಪನಿಯವರು ಹೊಸ ಶೈಲಿಯಲ್ಲಿ ಹಾಡಿ ಎಂದು ಒತ್ತಾಯಿಸಿದರು, ಇವರಿಗೆ ಒಗ್ಗಲಿಲ್ಲ. ಎಪ್ಪತ್ತರ ದಶಕದ ಕೊನೆಗೆ ಕೈಯಲ್ಲಿ ಕರಾರಿಲ್ಲ, ತಲೆಯ ಮೇಲೆ ತೆರಿಗೆ ಬಾಕಿ, ಮೈಗೆ ಹತ್ತಿದ ಕೊಕೇನು. ಮಗ ಡ್ಯಾನಿ ತಂದೆಯ ವ್ಯವಹಾರವನ್ನು ವಹಿಸಿಕೊಂಡರು. ಅವರು ತಂದೆಯ ಹಾಡನ್ನಾಗಲಿ ಕೋಟು–ಟೈಯನ್ನಾಗಲಿ ಬದಲಿಸಲಿಲ್ಲ, ಕೇಳುಗರನ್ನು ಬದಲಿಸಿದರು. ಹಳೆಯ ಹಾಡುಗಳನ್ನು ಹಾಗೇ ಎತ್ತಿಕೊಂಡು ಹೋಗಿ ಹದಿಹರೆಯದವರ ಮುಂದಿಟ್ಟರು. 1994ರಲ್ಲಿ ಎಂಟಿವಿಯಲ್ಲಿ ಹಾಡಿದ ಆಲ್ಬಂ ಮರುವರ್ಷ ಗ್ರ್ಯಾಮಿಯ ‘ವರ್ಷದ ಆಲ್ಬಂ’ ಆಯಿತು, ಅವರ 68ನೇ ವಯಸ್ಸಿನಲ್ಲಿ. 1963ರಲ್ಲಿ ಪಡೆದ ಗ್ರ್ಯಾಮಿಗೂ ಅದರ ನಂತರದ 1993ರ ಗ್ರ್ಯಾಮಿಗೂ ಮೂವತ್ತು ವರ್ಷದ ಬರಗಾಲ. ಬದುಕಿನಲ್ಲಿ ಸ್ಪರ್ಧಿಸಿ ಗೆದ್ದ ಸುಮಾರು ಇಪ್ಪತ್ತು ಗ್ರ್ಯಾಮಿಗಳಲ್ಲಿ ಆ ಮೊದಲ ಎರಡನ್ನು ಬಿಟ್ಟರೆ ಉಳಿದದ್ದೆಲ್ಲ ಅರವತ್ತು ದಾಟಿದ ಮೇಲೆ ಬಂದವು. ನಿವೃತ್ತಿಯ ವಯಸ್ಸೆಂದು ನಾವೆಲ್ಲ ಒಪ್ಪಿಕೊಂಡ ಗಡಿಯ ಆಚೆಗೆ ಒಂದು ಬದುಕಿನ ಬಹುಪಾಲು ಫಸಲು ಬಂದಿದೆ.

ಇಲ್ಲೊಂದು ಕಾಕತಾಳೀಯವನ್ನು ಬಿಟ್ಟು ಮುಂದೆ ಹೋಗಲಾರೆ. ಕಳೆದುಕೊಂಡಿದ್ದ ಕೊಲಂಬಿಯಾ ಕಂಪನಿಗೆ ಅವರು ಮರಳಿ ಸೇರಿ ‘ದಿ ಆರ್ಟ್ ಆಫ್ ಎಕ್ಸಲೆನ್ಸ್’ ಎಂಬ ಆಲ್ಬಂ ತಂದದ್ದು 1986ರಲ್ಲಿ. ಗಾಗಾ ಹುಟ್ಟಿದ ವರ್ಷ. ಬೆನೆಟ್ ಅವರ ಎರಡನೆಯ ಬಾಳುವೆಗೂ ಅವರ ಕೊನೆಯ ಸಹಗಾಯಕಿಗೂ ಒಂದೇ ವಯಸ್ಸು.

ಇಬ್ಬರೂ ಭೇಟಿಯಾದದ್ದು 2011ರ ಮೇ ತಿಂಗಳಲ್ಲಿ, ನ್ಯೂಯಾರ್ಕಿನ ರಾಬಿನ್ ಹುಡ್ ಪ್ರತಿಷ್ಠಾನದ ಸಹಾಯಾರ್ಥ ಕಾರ್ಯಕ್ರಮದಲ್ಲಿ. ಹನ್ನೊಂದು ಲಕ್ಷ ಪ್ರತಿ ಮಾರಿದ ಆ ‘ಬಾರ್ನ್ ದಿಸ್ ವೇ’ ಬಿಡುಗಡೆಯಾದದ್ದೂ ಅದೇ ತಿಂಗಳು. ಅಂದು ಗಾಗಾ ನ್ಯಾಟ್ ಕಿಂಗ್ ಕೋಲ್ ಹಾಡುತ್ತಿದ್ದ ಒಂದು ಹಳೆಯ ಹಾಡನ್ನು ಎತ್ತಿಕೊಂಡರು. ಸಭೆಯಲ್ಲಿದ್ದ ಬೆನೆಟ್ ರಂಗದ ಹಿಂದೆ ಹೋಗಿ, ನಾವಿಬ್ಬರೂ ಒಂದು ಆಲ್ಬಂ ಮಾಡೋಣ ಎಂದರು. ಮೊದಲು ಒಂದೇ ಹಾಡು ಆಯಿತು, ‘ದ ಲೇಡಿ ಈಸ್ ಎ ಟ್ರ್ಯಾಂಪ್’, ಅದೇ ಜುಲೈಯಲ್ಲಿ, ‘ಡ್ಯುಯೆಟ್ಸ್ 2’ಗಾಗಿ. ಆ ಆಲ್ಬಮ್ಮಿನಲ್ಲಿ ಹದಿನೇಳು ಹಾಡು, ಹದಿನೇಳು ಜೊತೆಗಾರರು. ಅವರಲ್ಲೊಬ್ಬಳು ಏಮಿ ವೈನ್‌ಹೌಸ್. 2011ರ ಮಾರ್ಚಿನಲ್ಲಿ ಲಂಡನ್ನಿನ ಆ್ಯಬಿ ರೋಡ್ ಸ್ಟುಡಿಯೊದಲ್ಲಿ ಬೆನೆಟ್ ಎದುರು ನಿಂತು ‘ಬಾಡಿ ಅಂಡ್ ಸೋಲ್’ ಹಾಡಿದಳು. ಜುಲೈ 23ರಂದು, 27ನೇ ವಯಸ್ಸಿಗೆ, ತೀರಿಕೊಂಡಳು. ಅದೇ ಅವಳ ಕೊನೆಯ ಧ್ವನಿಮುದ್ರಣ. ತನ್ನ ಮೂರನೇ ಒಂದು ಭಾಗದಷ್ಟೂ ಬದುಕಿರದ ಹುಡುಗಿಗೆ ಆ ಮುದುಕ ಸ್ಟುಡಿಯೊದಲ್ಲಿ ಧೈರ್ಯ ಹೇಳುವ ದೃಶ್ಯದ ಚಿತ್ರೀಕರಣ ಇದೆ. ನನಗೆ ಅದನ್ನು ಪೂರ್ತಿ ನೋಡುವುದು ಕಷ್ಟ.

ಎದುರು ನಿಂತು ಎಂದೆ. ಯುಗಳಗೀತೆಯೆಂದರೆ ಇಬ್ಬರೂ ಎದುರುಬದುರು ನಿಂತೇ ಹಾಡುತ್ತಾರಲ್ಲವೇ ಎಂದು ಕೇಳಬಹುದು. ಇಲ್ಲ. 1993ರಲ್ಲಿ ಫ್ರ್ಯಾಂಕ್ ಸಿನಾತ್ರಾ ಅವರ ‘ಡ್ಯುಯೆಟ್ಸ್’ ಆಲ್ಬಂ ಬಂತು. ಅಮೆರಿಕದಲ್ಲಿ ಮೂವತ್ತು ಲಕ್ಷದ ಗಡಿ ಮುಟ್ಟಿದ ಆಲ್ಬಂ. ಅದರಲ್ಲಿ ಸಿನಾತ್ರಾ ತಮ್ಮ ಭಾಗವನ್ನು ಒಬ್ಬರೇ ಹಾಡಿ ಹೋದರು. ಜೊತೆಗಾರರು ಬೇರೆ ಬೇರೆ ಊರುಗಳಿಂದ, ಹಲವರು ದೂರವಾಣಿಯ ಗಾಜಿನೆಳೆ ತಂತಿಯ ಮೂಲಕ, ತಮ್ಮ ದನಿ ಸೇರಿಸಿದರು. ಒಬ್ಬರೂ ಅವರೊಂದಿಗೆ ಒಂದೇ ಕೋಣೆಯಲ್ಲಿ ನಿಂತು ಹಾಡಲಿಲ್ಲ. ಆ ಆಲ್ಬಮ್ಮಿನ ನಿರ್ಮಾಪಕ ಫಿಲ್ ರಮೋನ್. ಮುಂದೆ ಬೆನೆಟ್ ಅವರ ಡ್ಯುಯೆಟ್ಸ್ ಆಲ್ಬಂಗಳನ್ನು ಮಾಡಿದವರೂ ಅವರೇ. ಆದರೆ ಬೆನೆಟ್ ಹಠ ಬೇರೆ. ಜೊತೆಗಾರರು ಮುಂದೆ ನಿಲ್ಲಬೇಕು, ವಾದ್ಯದವರು ಅಲ್ಲೇ ನುಡಿಸಬೇಕು.

ಒಂದೇ ಕೋಣೆಯಲ್ಲಿ ಹಾಡುವುದಕ್ಕೆ ತೆರಬೇಕಾದ ಬೆಲೆಯನ್ನು ಧ್ವನಿಮುದ್ರಣದವರೆಲ್ಲ ಬಲ್ಲರು. ಒಬ್ಬರ ದನಿ ಇನ್ನೊಬ್ಬರ ಮೈಕಿಗೂ ಸೋರುತ್ತದೆ, ಡ್ರಮ್ಮಿನ ಸದ್ದು ಎರಡಕ್ಕೂ ಸೋರುತ್ತದೆ. ಹೀಗೆ ಬೆರೆತ ದನಿಗಳಲ್ಲಿ ಒಬ್ಬರ ಅಪಸ್ವರವನ್ನು ಮಾತ್ರ ಆಮೇಲೆ ಕಂಪ್ಯೂಟರಿನಲ್ಲಿ ತಿದ್ದುವುದು ಬಲು ಕಷ್ಟ. ತಪ್ಪಿದರೆ ಎಲ್ಲರೂ ಮತ್ತೆ ಮೊದಲಿನಿಂದ. ಒಂದೊಂದು ಸ್ವರವನ್ನೂ ತಿದ್ದಿ ತೀಡಿ ಹೊರಬಿಡುವ ಪಾಪ್ ಲೋಕದಿಂದ ಬಂದ ಗಾಗಾ ಈ ಷರತ್ತಿಗೆ ಒಪ್ಪಿಕೊಂಡರು ಎನ್ನುವುದೇ ಆ ಹೆಣ್ಣುಮಗಳ ಬಗ್ಗೆ ನನಗಿರುವ ಗೌರವಕ್ಕೆ ದೊಡ್ಡ ಕಾರಣ.

ಈ ದಾರಿಯ ಹಿರಿಯ ಮಾದರಿ 1956ರ ‘ಎಲ್ಲಾ ಅಂಡ್ ಲೂಯಿ’. ಎಲ್ಲಾ ಫಿಟ್ಸ್‌ಜೆರಾಲ್ಡ್ ಮತ್ತು ಲೂಯಿ ಆರ್ಮ್‌ಸ್ಟ್ರಾಂಗ್, ಹಿಂದೆ ಆಸ್ಕರ್ ಪೀಟರ್ಸನ್ನರ ಪಿಯಾನೊ. ಹನ್ನೊಂದು ಹಾಡುಗಳನ್ನು ಅವರು ಮುದ್ರಿಸಿದ್ದು ಒಂದೇ ದಿನದಲ್ಲಿ, ಆಗಸ್ಟ್ 16ರಂದು. ‘ಚೀಕ್ ಟು ಚೀಕ್’ ಎಂಬ ಹಾಡೂ ಆ ಹನ್ನೊಂದರಲ್ಲಿದೆ. ಬೆನೆಟ್–ಗಾಗಾ ಆಲ್ಬಮ್ಮಿನ ಮೂಲ ಆವೃತ್ತಿಯಲ್ಲೂ ಹನ್ನೊಂದೇ ಹಾಡು. ಆದರೆ ಅದು 2013ರ ವಸಂತದಿಂದ 2014ರ ಆರಂಭದವರೆಗೆ ಎಳೆಯಿತು. ಗಾಗಾ ಅವರ ಸೊಂಟದ ಶಸ್ತ್ರಚಿಕಿತ್ಸೆ, ಇಬ್ಬರ ತಿರುಗಾಟ, ಎಲ್ಲದರ ಸಂದಿಯಲ್ಲಿ ದಿನ ಹೊಂದಿಸಬೇಕಿತ್ತು. ಒಂದು ದಿನದಲ್ಲಿ ಹನ್ನೊಂದು ಎಂಬುದರ ಮುಂದೆ ಇದು ನಿಧಾನ ನಿಜ. ಎಲ್ಲಾ–ಲೂಯಿ ಜೋಡಿಯ ಸಲೀಸು ಇಲ್ಲಿ ಎಲ್ಲ ಕಡೆ ಇಲ್ಲ ಎನ್ನುವುದೂ ನಿಜ. ವೇಗದ ಹಾಡುಗಳಲ್ಲಿ ಗಾಗಾ ಕೆಲವೊಮ್ಮೆ ಬೇಕಾದ್ದಕ್ಕಿಂತ ಜೋರಾಗುತ್ತಾರೆ, ಪಕ್ಕದ ಕೊರಳಿಗೆ ಜಾಗ ಬಿಡುವುದನ್ನು ಮರೆಯುತ್ತಾರೆ.

‘ನೇಚರ್ ಬಾಯ್’ ಹಾಡಿನಲ್ಲಿ ಹಾಗಾಗುವುದಿಲ್ಲ. ಕೊಳಲೊಂದು ಮುಂದೆ ನಡೆಯುತ್ತದೆ, ಎರಡು ದನಿಗಳು ಅದರ ಹಿಂದೆ ಮೆಲ್ಲಗೆ ಬರುತ್ತವೆ. ಆ ಕೊಳಲು ಪಾಲ್ ಹಾರ್ನ್ ಅವರದು. ನಮ್ಮ ದೇಶಕ್ಕೆ ಹೊಸಬರಲ್ಲ ಅವರು. ಮಹರ್ಷಿ ಮಹೇಶ ಯೋಗಿಗಳ ಬಳಿ ಧ್ಯಾನ ಕಲಿಯಲು ಬಂದವರು 1968ರಲ್ಲಿ ತಾಜ್ ಮಹಲಿನ ಗುಮ್ಮಟದ ಕೆಳಗೆ ಒಬ್ಬರೇ ಕೂತು ಕೊಳಲು ನುಡಿಸಿ, ಕಲ್ಲಿನ ಮಾರ್ದನಿಯನ್ನೇ ಜೊತೆಗಾರನನ್ನಾಗಿ ಮಾಡಿಕೊಂಡು ‘ಇನ್‌ಸೈಡ್’ ಎಂಬ ಆಲ್ಬಂ ಮಾಡಿದರು. ‘ಚೀಕ್ ಟು ಚೀಕ್’ ಹೊರಬರುವ ಮೂರು ತಿಂಗಳ ಮುಂಚೆ, 2014ರ ಜೂನಿನಲ್ಲಿ ತೀರಿಕೊಂಡರು.

ಗಾಗಾ ಒಬ್ಬರೇ ಹಾಡಿದ ‘ಲಷ್ ಲೈಫ್’ ಇನ್ನೊಂದು ಸಾಹಸ. ಬಿಲ್ಲಿ ಸ್ಟ್ರೇಹಾರ್ನ್ ಇದನ್ನು ಬರೆಯತೊಡಗಿದ್ದು ಹದಿಹರೆಯದಲ್ಲಿ, 1930ರ ದಶಕದಲ್ಲಿ. ರಾಗ ಎಲ್ಲಿಂದ ಎಲ್ಲಿಗೆ ಹಾರುತ್ತದೆ ಎಂದು ಊಹಿಸಲಾಗದ ಹಾಡು. 1958ರಲ್ಲಿ ಸಿನಾತ್ರಾ ಅಂಥವರೇ ಇದನ್ನು ಮುದ್ರಿಸಲು ಹೋಗಿ, ನಡುವೆಯೇ ಕೈಬಿಟ್ಟರು. ಗಾಗಾ ಅದನ್ನು ಕೊನೆಮುಟ್ಟಿಸಿದ್ದಾರೆ. ಅತ್ಯುತ್ತಮ ಎನ್ನಲಾರೆ, ಪ್ರಾಮಾಣಿಕವಾಗಿ ಹಾಡಿದ್ದಾರೆ.

ಕೊರಳಿನ ಬಗ್ಗೆಯೂ ಒಂದು ಲೆಕ್ಕ ಹಾಕಬೇಕು. ಗಂಡಸಿನ ಧ್ವನಿತಂತುಗಳ ಉದ್ದ ಎರಡು ಸೆಂಟಿಮೀಟರಿನ ಆಸುಪಾಸು. ಮಾತಾಡುವಾಗ ಅವು ಸೆಕೆಂಡಿಗೆ ನೂರಕ್ಕೂ ಮಿಕ್ಕಿ ಸಲ ಒಂದನ್ನೊಂದು ತಾಗುತ್ತವೆ. ಹೆಂಗಸರಲ್ಲಿ ಅದು ಇನ್ನೂರರ ಸುತ್ತ. ಹಾಡುವಾಗ ಇನ್ನೂ ಹೆಚ್ಚು. ಸರಾಸರಿ 150 ಎಂದು ಕಡಿಮೆಯೇ ಹಿಡಿಯೋಣ. ಒಂದು ಕಛೇರಿಯಲ್ಲಿ ನಿಜವಾಗಿ ದನಿ ಹೊರಡುವುದು ಅರ್ಧ ಗಂಟೆ ಎಂದುಕೊಂಡರೆ 2,70,000 ಬಡಿತ. ವರ್ಷಕ್ಕೆ ನೂರು ಕಛೇರಿ, ಎಪ್ಪತ್ತು ವರ್ಷ: 189 ಕೋಟಿ. ಇದು ಊಹೆಯ ಲೆಕ್ಕವೇ ಸರಿ, ಆದರೆ ಸಾಧನೆಯ ಹೊತ್ತನ್ನು ಇದರಲ್ಲಿ ಸೇರಿಸಿಯೇ ಇಲ್ಲ. ಯುದ್ಧದಿಂದ ಮರಳಿದ ಸೈನಿಕರಿಗೆ ಸರ್ಕಾರ ಕೊಡುತ್ತಿದ್ದ ಓದಿನ ನೆರವಿನಲ್ಲಿ ಬೆನೆಟ್ ಇಟಲಿಯ ಶಾಸ್ತ್ರೀಯ ಗಾಯನಕ್ರಮ ಕಲಿತರು. ಆ ಸ್ವರಾಭ್ಯಾಸವನ್ನು ಮುಪ್ಪಿನವರೆಗೂ ಬಿಡಲಿಲ್ಲ. ಅವರ ಶಿಕ್ಷಕಿ ಹೇಳಿದ್ದ ಕಿವಿಮಾತು, ಬೇರೆ ಹಾಡುಗಾರರನ್ನು ಅನುಕರಿಸಬೇಡ, ವಾದ್ಯಗಾರರನ್ನು ಅನುಕರಿಸು ಎಂದು. ಅವರು ಆರ್ಟ್ ಟೇಟಮ್ಮರ ಪಿಯಾನೊವನ್ನೂ ಸ್ಟ್ಯಾನ್ ಗೆಟ್ಜರ ಸ್ಯಾಕ್ಸೊಫೋನನ್ನೂ ಗಂಟಲಿಗೆ ತಂದುಕೊಂಡರು. 1949ರಲ್ಲಿ ಜೋ ಬಾರಿ ಎಂಬ ಹೆಸರಿನಲ್ಲಿ ಹಾಡಿದ್ದ ‘ಫ್ಯಾಸಿನೇಟಿಂಗ್ ರಿದಂ’ ಅನ್ನು 2018ರಲ್ಲಿ ಡಯಾನಾ ಕ್ರಾಲ್ ಜೊತೆ ಮತ್ತೆ ಹಾಡಿದಾಗ ನಡುವಿನ ಅಂತರ 68 ವರ್ಷ 342 ದಿನ. ಒಬ್ಬರೇ ಕಲಾವಿದರು ತಮ್ಮದೇ ಹಾಡಿಗೆ ಮರಳಲು ತೆಗೆದುಕೊಂಡ ಕಾಲದಲ್ಲಿ ಅದೂ ಗಿನ್ನೆಸ್ ದಾಖಲೆ.

2016ರಲ್ಲಿ ಬೆನೆಟ್ ಅವರಿಗೆ ಆಲ್ಜೈಮರ್ಸ್ ಇರುವುದು ಪತ್ತೆಯಾಯಿತು. ಕುಟುಂಬ ಅದನ್ನು ಲೋಕಕ್ಕೆ ಹೇಳಿದ್ದು 2021ರ ಫೆಬ್ರವರಿಯಲ್ಲಿ. ನಡುವಿನ ಆ ವರ್ಷಗಳಲ್ಲಿ, 2018ರಿಂದ 2020ರ ಆರಂಭದವರೆಗೆ, ನ್ಯೂಯಾರ್ಕಿನ ಎಲೆಕ್ಟ್ರಿಕ್ ಲೇಡಿ ಸ್ಟುಡಿಯೊದಲ್ಲಿ ಇಬ್ಬರೂ ಎರಡನೆಯ ಆಲ್ಬಂ ಮುದ್ರಿಸಿದರು: ‘ಲವ್ ಫಾರ್ ಸೇಲ್’, ಎಲ್ಲವೂ ಕೋಲ್ ಪೋರ್ಟರ್ ಹಾಡುಗಳು. ಗಾಗಾ ಅವರಿಗೆ ವಿಷಯ ತಿಳಿದಿತ್ತು. ಬೆನೆಟ್ ಅವರಿಗೆ ತಾವಿಬ್ಬರೂ ಕೂಡಿ ಮಾಡಿದ ಪ್ರವಾಸವೇ ಸರಿಯಾಗಿ ನೆನಪಾಗುತ್ತಿರಲಿಲ್ಲ. ಮಾತು ಒಂದೆರಡು ಪದಕ್ಕೆ ಇಳಿದಿತ್ತು. ಆದರೆ ಪಿಯಾನೊ ಶುರುವಾದರೆ ಸಾಹಿತ್ಯ, ಶ್ರುತಿ, ಉಸಿರು ತೆಗೆದುಕೊಳ್ಳುವ ಜಾಗ, ಎಲ್ಲವೂ ಇದ್ದಲ್ಲೇ ಇದ್ದವು. ಅವರ ನರರೋಗ ತಜ್ಞೆ ಗಾಯತ್ರಿ ದೇವಿ ಹಾಡುವುದನ್ನು ನಿಲ್ಲಿಸಬೇಡಿ ಎಂದೇ ಹೇಳಿದ್ದರು. ಪಿಯಾನೊ ವಾದಕ ಲೀ ಮ್ಯೂಸಿಕರ್ ಜೊತೆ ವಾರಕ್ಕೆ ಎರಡು ಸಲ, ಒಂದೂವರೆ ಗಂಟೆಯ ಕಛೇರಿಯನ್ನೇ ಪೂರ್ತಿ ಹಾಡುತ್ತಿದ್ದರು.

ಇದು ಹೇಗೆ ಸಾಧ್ಯ? ಜರ್ಮನಿಯ ಲೈಪ್‌ಜಿಗ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯ ಸಂಶೋಧಕರು 2015ರಲ್ಲಿ ಒಂದು ವಿವರಣೆ ಕೊಟ್ಟರು. ಬಹುಕಾಲದಿಂದ ಪರಿಚಿತವಾದ ಹಾಡುಗಳನ್ನು ಕೇಳುವಾಗ ಎಚ್ಚರಗೊಳ್ಳುವ ಮೆದುಳಿನ ಭಾಗಗಳು ಯಾವುವು ಎಂದು ಗುರುತಿಸಿ, ಆಲ್ಜೈಮರ್ಸ್ ರೋಗಿಗಳಲ್ಲಿ ಅವೇ ಭಾಗಗಳನ್ನು ನೋಡಿದರು. ಉಳಿದ ಕಡೆ ಸವೆತ ಹೆಚ್ಚಿದ್ದರೂ ಈ ಭಾಗಗಳು ಸಾಕಷ್ಟು ಉಳಿದುಕೊಂಡಿದ್ದವು. ನಿನ್ನೆಯ ಊಟ ಮರೆಯುವ ಮೆದುಳು ಎಪ್ಪತ್ತು ವರ್ಷದ ಹಿಂದಿನ ಹಾಡನ್ನು ಹಿಡಿದಿಡುವುದು ಪವಾಡವಲ್ಲ, ಮೆದುಳಿನ ರಚನೆಯೇ ಹಾಗಿದೆ. ಹಾಗೆಂದು ನನ್ನ ಬೆರಗು ಎಳ್ಳಷ್ಟೂ ಕಡಿಮೆಯಾಗುವುದಿಲ್ಲ.

2021ರ ಆಗಸ್ಟ್ 3, ಬೆನೆಟ್ ಅವರ 95ನೇ ಹುಟ್ಟುಹಬ್ಬ. ಅಂದು ಮತ್ತು 5ನೇ ತಾರೀಖು ನ್ಯೂಯಾರ್ಕಿನ ರೇಡಿಯೊ ಸಿಟಿ ಮ್ಯೂಸಿಕ್ ಹಾಲಿನಲ್ಲಿ ಇಬ್ಬರ ಕೊನೆಯ ಕಛೇರಿಗಳು. ಸುಮಾರು ಆರು ಸಾವಿರ ಆಸನಗಳ ಸಭಾಂಗಣ ಅದು. 1932ರಲ್ಲಿ ತೆರೆದದ್ದು, ಅಂದರೆ ಹಾಡುವವರಿಗಿಂತ ಕಟ್ಟಡವೂ ಆರು ವರ್ಷ ಚಿಕ್ಕದು. ಹುಟ್ಟಿದ ದಿನದಿಂದ ಎಣಿಸಿದರೆ ಅಂದಿಗೆ 34,699 ದಿನ ಬದುಕಿದ್ದ ಮನುಷ್ಯ ರಂಗಕ್ಕೆ ಬಂದು ಒಂದರ ಹಿಂದೊಂದು ಹಾಡು ನೆನಪಿನಿಂದಲೇ ಹಾಡಿದರು. ಕೆಲವು ವರ್ಷಗಳಿಂದ ಗಾಗಾ ಅವರ ಹೆಸರು ಹಿಡಿದು ಕರೆದಿರದ ಬೆನೆಟ್ ಅಂದು ರಂಗದ ಮೇಲೆ ಹೆಸರು ಹೇಳಿದರು, ಅವರು ಕಣ್ಣೀರಾದರು. ದಿನಗಳು ಕಳೆದ ಮೇಲೆ ಬೆನೆಟ್ ಅವರಲ್ಲಿ ಆ ಕಛೇರಿಯ ನೆನಪು ಉಳಿದಿರಲಿಲ್ಲ.

ಎರಡು ತಿಂಗಳ ಬಳಿಕ ‘ಲವ್ ಫಾರ್ ಸೇಲ್’ ಬಂತು. 95 ವರ್ಷ ದಾಟಿ ಹೊಸ ಆಲ್ಬಂ ತಂದವರೆಂದು ಮತ್ತೊಂದು ಗಿನ್ನೆಸ್ ದಾಖಲೆ. ಬಿಲ್‌ಬೋರ್ಡಿನಲ್ಲಿ ಎಂಟನೆಯ ಸ್ಥಾನ. ಅವರ ಆಲ್ಬಂ ಮೊದಲ ಸಲ ಆ ಪಟ್ಟಿಯ ಹತ್ತರೊಳಗೆ ಬಂದದ್ದು 1962ರಲ್ಲಿ. ಕೊನೆಯ ಸಲ 2021ರಲ್ಲಿ. 59 ವರ್ಷ ಒಬ್ಬ ಗಾಯಕ ಒಂದು ದೇಶದ ಹತ್ತರ ಪಟ್ಟಿಗೆ ಹೋಗುತ್ತಾ ಬರುತ್ತಾ ಇದ್ದರು. ಈ ಆಲ್ಬಂ ಆರು ಗ್ರ್ಯಾಮಿ ನಾಮನಿರ್ದೇಶನ ಪಡೆದು ಎರಡನ್ನು ಗೆದ್ದಿತು. ಒಂದು ಸಾಂಪ್ರದಾಯಿಕ ಪಾಪ್ ಗಾಯನಕ್ಕೆ, ಇನ್ನೊಂದು ಧ್ವನಿಮುದ್ರಣದ ಕೌಶಲಕ್ಕೆ. ಆ ಎರಡನೆಯದನ್ನು ಪಡೆದವರಲ್ಲಿ ಬೆನೆಟ್ ಅವರ ಇನ್ನೊಬ್ಬ ಮಗ ಡೇ ಕೂಡ ಇದ್ದರು. 2023ರ ಜುಲೈ 21ರಂದು, 97 ತುಂಬಲು 13 ದಿನ ಉಳಿದಿರುವಾಗ ಬೆನೆಟ್ ತೀರಿಕೊಂಡರು. ಹಿಂದೆ ಬಿಟ್ಟದ್ದು ಎಪ್ಪತ್ತಕ್ಕೂ ಹೆಚ್ಚು ಆಲ್ಬಂ.

ಗಾಗಾ ಲೆಕ್ಕ ಇನ್ನೂ ಓಡುತ್ತಿದೆ. 2024ರಲ್ಲಿ ಬ್ರೂನೊ ಮಾರ್ಸ್ ಜೊತೆ ಹಾಡಿದ ‘ಡೈ ವಿತ್ ಎ ಸ್ಮೈಲ್’ ಎಂಬ ಯುಗಳಗೀತೆ ಸ್ಪಾಟಿಫೈನಲ್ಲಿ ನೂರು ಕೋಟಿ ಕೇಳ್ಮೆ ಮುಟ್ಟಲು ತೆಗೆದುಕೊಂಡದ್ದು ಕೇವಲ 96 ದಿನ. 2025ರ ಮೇ 3ರಂದು ರಿಯೊ ಡಿ ಜನೈರೊದ ಕೊಪಕಬಾನಾ ಕಡಲ ತಡಿಯಲ್ಲಿ ಅವರ ಉಚಿತ ಕಛೇರಿಗೆ ಸೇರಿದವರು 21 ಲಕ್ಷ ಎಂದು ನಗರಾಡಳಿತ ಲೆಕ್ಕ ಕೊಟ್ಟಿತು. ರೇಡಿಯೊ ಸಿಟಿಯ ಎರಡು ರಾತ್ರಿಗಳ ಒಟ್ಟು ಸಭೆಯ 175 ಪಟ್ಟು. ಆದರೆ ಅದೇ 2024ರಲ್ಲಿ ಅವರು ‘ಹಾರ್ಲೆಕ್ವಿನ್’ ಎಂಬ ಇನ್ನೊಂದು ಆಲ್ಬಂ ತಂದರು. ಅದರಲ್ಲಿ 1930ರ ‘ಗೆಟ್ ಹ್ಯಾಪಿ’ ಇದೆ, ಬೆನೆಟ್ ಮೂರು ವರ್ಷದ ಮಗುವಾಗಿದ್ದಾಗ ಹುಟ್ಟಿದ ಹಾಡು. ಈ ಸಲ ಗಾಗಾ ಪದಗಳನ್ನು ಅಷ್ಟು ಚೂಪು ಮಾಡುವುದಿಲ್ಲ. ತುಸು ತಡವಾಗಿ ಬರುತ್ತಾರೆ, ತಾಳಕ್ಕೆ ಒರಗಿಕೊಂಡು. ‘ಚೀಕ್ ಟು ಚೀಕ್’ ಮತ್ತು ‘ಹಾರ್ಲೆಕ್ವಿನ್’ ಎರಡನ್ನೂ ಒಂದೇ ಸಂಜೆ ಒಂದರ ಹಿಂದೊಂದು ಕೇಳಿ. ಮೊದಲು ‘ನೇಚರ್ ಬಾಯ್’, ಆಮೇಲೆ ‘ಗೆಟ್ ಹ್ಯಾಪಿ’.